ಆಟಗಾರರನ್ನು ಆರಿಸಿದ ಗುರು: ಸೈಯದ್ ಅಬ್ದುಲ್ ರಹೀಮ್ ಸಾಹೇಬರು

ಆಟವಾಡುವುದು ಒಂದು ವಿದ್ಯೆಯಾದರೆ, ಆಡುವವರನ್ನು ಆರಿಸುವುದು ಮತ್ತೊಂದು ವಿದ್ಯೆ. ಮೊದಲನೆಯದನ್ನು ಬಲ್ಲವನಿಗೆ ಜನರ ಕರತಾಡನವೂ ಹಾರತುರಾಯಿಗಳೂ ದೊರೆಯುತ್ತವೆ. ಎರಡನೆಯದನ್ನು ಬಲ್ಲವನ ಪಾಲಿಗೆ ಬರುವುದು ಬಹುಮಟ್ಟಿಗೆ ನಿಷ್ಠುರವೇ. ಹನ್ನೊಂದು ಮಂದಿಯನ್ನು ಕರೆದವನು ಉಳಿದ ನೂರು ಮಂದಿಯನ್ನು ಕರೆಯದೆ ಬಿಟ್ಟವನೂ ಆಗುತ್ತಾನೆ. ಬಿಟ್ಟುಹೋದವರ ತಂದೆತಾಯಂದಿರು, ನೆಂಟರಿಷ್ಟರು, ಊರಿನವರು ಅದನ್ನು ಬಹುಕಾಲ ಮರೆಯುವುದಿಲ್ಲ. ಆದುದರಿಂದಲೇ ಏನೋ, ಆಟಗಾರರ ಚರಿತ್ರೆಗಳು ನಮ್ಮಲ್ಲಿ ಹೇರಳವಾಗಿದ್ದರೂ ಆಯ್ಕೆಗಾರರ ಚರಿತ್ರೆಗಳು ವಿರಳ. ಈ ದಿನ ಅಂಥ ಒಬ್ಬ ಮಹನೀಯರ ಜೀವನವನ್ನು ವಾಚಕರ ಮುಂದಿಡಲು ನಾವು ಬಯಸುತ್ತೇವೆ. ಹೈದರಾಬಾದಿನಲ್ಲಿ ಶಾಲಾ ಉಪಾಧ್ಯಾಯರಾಗಿದ್ದು, ಮುಂದೆ ಭಾರತದ ಕಾಲ್ಚೆಂಡಾಟಕ್ಕೇ ಗುರುಗಳೆನಿಸಿದ ಸೈಯದ್ ಅಬ್ದುಲ್ ರಹೀಮ್ ಸಾಹೇಬರೇ ಆ ಮಹನೀಯರು.

ಅಮೆರಿಕದ ವೃತ್ತಿಪರ ಬಾಸ್ಕೆಟ್‌ಬಾಲ್ ತಂಡಗಳಲ್ಲಿ 1947ರಿಂದಲೂ ಒಂದು ಪದ್ಧತಿ ನಡೆದುಬಂದಿದೆ. ಹೊಸದಾಗಿ ಬರುವ ಆಟಗಾರರನ್ನು ವರ್ಷಕ್ಕೊಮ್ಮೆ ತಂಡಗಳು ಸರದಿಯ ಮೇಲೆ ಆರಿಸಿಕೊಳ್ಳುತ್ತವೆ. ಹಿಂದಿನ ಸಾಲಿನಲ್ಲಿ ಹೆಚ್ಚು ಸೋತ ತಂಡಗಳಿಗೆ ಮೊದಲಾಗಿ ಆರಿಸುವ ಅವಕಾಶ ಸಿಗುವಂತೆ ಏರ್ಪಾಡಿದೆ. ಬಲವುಳ್ಳವರೇ ಇನ್ನಷ್ಟು ಬಲಿಯುತ್ತ ಹೋಗಬಾರದೆಂಬುದು ಅದರ ಉದ್ದೇಶ. ನಮ್ಮ ದೇಶದಲ್ಲಿ 2008ರಲ್ಲಿ ಕ್ರಿಕೆಟ್ ಆಟಗಾರರ ಹರಾಜು ಆರಂಭವಾಯಿತು. 2014ರಲ್ಲಿ ಇಂಡಿಯನ್ ಸೂಪರ್ ಲೀಗ್ ಹುಟ್ಟಿದಾಗ ಕಾಲ್ಚೆಂಡಾಟಗಾರರನ್ನೂ ಅಮೆರಿಕದವರಂತೆಯೇ ಸರದಿಯ ಮೇಲೆ ಹಂಚಿಕೊಂಡರು. ಕೂಕಟ್‌ಪಲ್ಲಿಯಲ್ಲಿ ನೆಲೆಸಿರುವ ನಮ್ಮ ಕನ್ನಡ ಮನೆಗಳ ತರುಣರು ಇವುಗಳ ವಿವರವನ್ನೆಲ್ಲ ಬಾಯಿಪಾಠವಾಗಿ ಒಪ್ಪಿಸಬಲ್ಲರು. ಯಾವ ತಂಡ ಯಾವ ವರ್ಷ ಯಾರನ್ನು ಆರಿಸಿತು, ಯಾರನ್ನು ಆರಿಸದೆ ಕೆಟ್ಟಿತು ಎಂಬುದು ಅವರಿಗೆ ಮಗ್ಗಿಯಷ್ಟು ಸಲೀಸು. ಆದರೆ ಪಟ್ಟಿಯೂ ಇಲ್ಲದ, ಹರಾಜೂ ಇಲ್ಲದ, ಹಣವಂತೂ ಇಲ್ಲವೇ ಇಲ್ಲದ ಕಾಲದಲ್ಲಿ, ನಾವಿರುವ ಈ ನಗರದಲ್ಲಿಯೇ ಒಬ್ಬ ಉಪಾಧ್ಯಾಯರು ಆಟಗಾರರನ್ನು ಹುಡುಕಿ ತೆಗೆದು ಏಷ್ಯಾ ಖಂಡವನ್ನೇ ಗೆದ್ದರೆಂಬುದು ಅನೇಕರಿಗೆ ತಿಳಿದದ್ದು 2024ರಲ್ಲಿ ಮೈದಾನ್ ಎಂಬ ಹಿಂದಿ ಚಲಚ್ಚಿತ್ರ ಬಂದ ಮೇಲೆಯೇ.

ಜನನ ಮತ್ತು ಉಪಾಧ್ಯಾಯ ವೃತ್ತಿ

ರಹೀಮರು ಜನಿಸಿದ್ದು 1909ರ ಆಗಸ್ಟ್ 17ರಂದು, ಹೈದರಾಬಾದಿನಲ್ಲಿ. ಮೂಸಿ ನದಿಯ ಮಹಾಪ್ರವಾಹ ನಗರವನ್ನು ಕೊಚ್ಚಿಹಾಕಿ ಆಗ ಒಂದು ವರ್ಷವೂ ತುಂಬಿರಲಿಲ್ಲ. ಆರನೆಯ ನಿಜಾಮ ಮೀರ್ ಮಹಬೂಬ್ ಅಲಿ ಖಾನರ ಆಳ್ವಿಕೆಯ ಕಡೆಯ ವರ್ಷಗಳವು. ಕಲಬುರ್ಗಿ, ರಾಯಚೂರು, ಬೀದರ ಜಿಲ್ಲೆಗಳು ಆ ಸಂಸ್ಥಾನದಲ್ಲಿಯೇ ಇದ್ದುದರಿಂದ, ರಹೀಮರು ಹುಟ್ಟಿದ ರಾಜ್ಯ ನಮ್ಮ ವಾಚಕರಲ್ಲಿ ಅನೇಕರ ಅಜ್ಜಂದಿರ ರಾಜ್ಯವೂ ಆಗಿತ್ತು. ಇಂದು ಮೆಟ್ರೋ ರೈಲು ಓಡುವ ಕೂಕಟ್‌ಪಲ್ಲಿ ಆಗ ನಗರದಾಚೆಯ ಒಂದು ಹಳ್ಳಿ.

1918ರಲ್ಲಿ ಸ್ಥಾಪಿತವಾದ ಉಸ್ಮಾನಿಯಾ ವಿಶ್ವವಿದ್ಯಾನಿಲಯದಲ್ಲಿ ರಹೀಮರು ಬಿ.ಎ. ಪದವಿ ಪಡೆದರು. ವಿದ್ಯಾರ್ಥಿಯಾಗಿದ್ದಾಗ ವಿಶ್ವವಿದ್ಯಾನಿಲಯದ ಕಾಲ್ಚೆಂಡು ತಂಡದಲ್ಲಿ ಆಡಿದರು. ಆಮೇಲೆ ಊರಿನ ಕ್ಲಬ್ಬುಗಳಲ್ಲಿಯೂ ಆಡಿದರು. ಹೊಟ್ಟೆಪಾಡಿಗೆ ಅವರು ಹಿಡಿದದ್ದು ಉಪಾಧ್ಯಾಯ ವೃತ್ತಿಯನ್ನು. ಕಾಚಿಗುಡದ ಮಾಧ್ಯಮಿಕ ಶಾಲೆ, ದಾರುಲ್ ಉಲೂಮ್ ಪ್ರೌಢಶಾಲೆ, ಚಾದರಘಾಟ್ ಪ್ರೌಢಶಾಲೆ ಮೊದಲಾದ ಕಡೆ ಪಾಠ ಹೇಳಿದರು. ನಡುವೆ ವ್ಯಾಯಾಮ ಶಿಕ್ಷಣದ ಡಿಪ್ಲೊಮಾ ಪಡೆದು ಮಕ್ಕಳ ಆಟೋಟಗಳ ಹೊಣೆಯನ್ನೂ ಹೊತ್ತರು. ಕಾಚಿಗುಡವೆಂದರೆ ಹೈದರಾಬಾದಿನ ಕನ್ನಡಿಗರಿಗೆ ನೃಪತುಂಗ ಶಾಲೆಯೂ ಕರ್ನಾಟಕ ಸಾಹಿತ್ಯ ಮಂದಿರವೂ ನೆನಪಿಗೆ ಬರುತ್ತವೆ. ಅದೇ ಬಡಾವಣೆಯಲ್ಲಿಯೇ ರಹೀಮ್ ಮೇಷ್ಟ್ರು ಒಂದು ಕಾಲಕ್ಕೆ ಹುಡುಗರ ಹಾಜರಿ ಕೂಗುತ್ತಿದ್ದರು.

ಇವರು ಮೊದಲು ಮೇಷ್ಟ್ರು, ಆಮೇಲೆ ಆಟದ ಗುರುಗಳು. ಈ ಕ್ರಮವನ್ನು ವಾಚಕರು ಲಕ್ಷ್ಯದಲ್ಲಿಡಬೇಕು. ನುರಿತ ಉಪಾಧ್ಯಾಯನಾದವನು ಮೊದಲ ಸಾಲಿನಲ್ಲಿ ಕೈಯೆತ್ತುವ ಹುಡುಗನನ್ನಷ್ಟೇ ನೋಡಿ ಸುಮ್ಮನಾಗುವುದಿಲ್ಲ. ಹಿಂದಿನ ಬೆಂಚಿನಲ್ಲಿ ಮುದುಡಿ ಕುಳಿತವನ ತಲೆಯಲ್ಲಿ ಏನಿದೆಯೆಂದು ಅರಿಯುವ ತನಕ ಅವನಿಗೆ ಸಮಾಧಾನವಿರುವುದಿಲ್ಲ. ರಹೀಮರು ಮುಂದೆ ಆಟಗಾರರನ್ನು ಆರಿಸಿದ್ದೂ ಇದೇ ದೃಷ್ಟಿಯಿಂದಲೇ.

ಪೊಲೀಸ್ ತಂಡದ ಉತ್ಕರ್ಷ

1940ರ ದಶಕದ ಆದಿಭಾಗದಲ್ಲಿ ರಹೀಮರು ಹೈದರಾಬಾದ್ ಫುಟ್‌ಬಾಲ್ ಸಂಘದ ಕಾರ್ಯದರ್ಶಿಗಳಾದರು. 1950ರಿಂದ ಹೈದರಾಬಾದ್ ಸಿಟಿ ಪೊಲೀಸ್ ತಂಡದ ಶಿಕ್ಷಣದ ಭಾರವೂ ಅವರ ಹೆಗಲಿಗೆ ಬಂತು. ಆ ಕಾಲದಲ್ಲಿ ಕಾಲ್ಚೆಂಡಾಟವನ್ನೇ ನಂಬಿ ಬದುಕುವುದು ಸಾಧ್ಯವಿರಲಿಲ್ಲ. ಪೊಲೀಸ್ ಇಲಾಖೆಯಲ್ಲಿ ಕೆಲಸ ಸಿಕ್ಕಿದರೆ ತಿಂಗಳ ಸಂಬಳವೂ ಬರುತ್ತಿತ್ತು, ಅಭ್ಯಾಸಕ್ಕೆ ಬಿಡುವೂ ದೊರೆಯುತ್ತಿತ್ತು. ಬಡವರ ಮಕ್ಕಳಿಗೆ ಇದು ದೊಡ್ಡ ಆಸರೆ. ಶ್ರೀಮಂತ ಕ್ಲಬ್ಬುಗಳಂತೆ ಹೆಸರಾದವರನ್ನು ದುಡ್ಡು ಕೊಟ್ಟು ತರಿಸುವ ಶಕ್ತಿ ಆ ತಂಡಕ್ಕಿರಲಿಲ್ಲ. ಇನ್ನೂ ಹೆಸರಾಗದವರನ್ನು ಗುರುತಿಸುವುದೊಂದೇ ಅದಕ್ಕಿದ್ದ ಮಾರ್ಗ.

ಆ ಮಾರ್ಗದ ಫಲವನ್ನು ದೇಶವೇ ನೋಡಿತು. 1950ರಿಂದ 1954ರವರೆಗೆ ಸತತವಾಗಿ ಐದು ವರ್ಷ ಮುಂಬಯಿಯ ರೋವರ್ಸ್ ಕಪ್ಪು ಹೈದರಾಬಾದಿಗೆ ಬಂತು. ದೆಹಲಿಯ ಡ್ಯುರಾಂಡ್ ಕಪ್ಪನ್ನು ಪೊಲೀಸರು 1950, 1954, 1957ರಲ್ಲಿಯೂ, ಆಂಧ್ರಪ್ರದೇಶ ಪೊಲೀಸ್ ಎಂಬ ಹೊಸ ಹೆಸರಿನಲ್ಲಿ 1961ರಲ್ಲಿಯೂ ಗೆದ್ದರು. ಸಂತೋಷ್ ಟ್ರೋಫಿಯನ್ನು ಹೈದರಾಬಾದ್ ತಂಡ 1956-57 ಮತ್ತು 1957-58ರಲ್ಲಿ ಒಂದರ ಮೇಲೊಂದಾಗಿ ಪಡೆಯಿತು. ಕಲಕತ್ತೆಯ ಮೋಹನ್ ಬಾಗಾನ್, ಈಸ್ಟ್ ಬೆಂಗಾಲ್ ಸಂಸ್ಥೆಗಳಿಗೆ ಸರಿಸಮಾನರೇ ಇಲ್ಲವೆಂದು ನಂಬಿದ್ದ ಜನ, ದಕ್ಷಿಣದ ಈ ಪೊಲೀಸರನ್ನು ಕಂಡು ಮೂಗಿನ ಮೇಲೆ ಬೆರಳಿಟ್ಟರು. ಇದಕ್ಕೂ ಮೊದಲು, 1937 ಮತ್ತು 1938ರಲ್ಲಿ ಅದೇ ರೋವರ್ಸ್ ಕಪ್ಪನ್ನು ಬೆಂಗಳೂರು ಮುಸ್ಲಿಮ್ಸ್ ತಂಡ ಗೆದ್ದಿತ್ತೆಂಬುದನ್ನೂ, 1946-47ರಲ್ಲಿ ಮೈಸೂರು ಸಂತೋಷ್ ಟ್ರೋಫಿಯನ್ನು ಪಡೆದಿತ್ತೆಂಬುದನ್ನೂ ನಾವು ಅಭಿಮಾನದಿಂದ ಸ್ಮರಿಸಬಹುದು. ದಕ್ಷಿಣದ ಮಣ್ಣು ಈ ಆಟಕ್ಕೆ ಮೊದಲಿನಿಂದಲೂ ಹದವಾಗಿತ್ತು. ಹೈದರಾಬಾದಿನಲ್ಲಿ ಅದಕ್ಕೆ ತಕ್ಕ ಬೇಸಾಯಗಾರರು ದೊರೆತರು.

ಆರಿಸುವ ಬಗೆ

ರಹೀಮರ ಆಯ್ಕೆಯಲ್ಲಿ ಗುಟ್ಟೇನಿತ್ತು? ಆಟಗಾರನ ಗುಣದೋಷಗಳು ತಾವಾಗಿ ಹೊರಬೀಳುವಂಥ ಸಂದರ್ಭಗಳನ್ನು ಅವರು ಮೊದಲು ನಿರ್ಮಿಸುತ್ತಿದ್ದರು. ಚೆಂಡನ್ನು ಕಾಲಲ್ಲಿಟ್ಟುಕೊಂಡು ಎದುರಾಳಿಗಳನ್ನು ವಂಚಿಸುತ್ತ ಓಡುವುದು ನಮ್ಮ ಹುಡುಗರಿಗೆ ಬಲು ಪ್ರಿಯ. ನೋಡುವವರಿಗೂ ಅದು ಹಬ್ಬ. ಆದರೆ ಅದರಿಂದ ಜೊತೆಗಾರರು ನಿಂತಲ್ಲೇ ನಿಲ್ಲಬೇಕಾಗುತ್ತದೆ. ರಹೀಮರು ಆ ಓಟವನ್ನೇ ನಿಷೇಧಿಸಿದ ಪಂದ್ಯಾವಳಿಗಳನ್ನು ಏರ್ಪಡಿಸಿದರು. ಚೆಂಡು ಬಂದೊಡನೆ ಇನ್ನೊಬ್ಬನಿಗೆ ದಾಟಿಸಲೇಬೇಕು. ಹಾಗೆಯೇ ದುರ್ಬಲವಾದ ಕಾಲಿನಿಂದ ಮಾತ್ರ ಚೆಂಡನ್ನು ಒದೆಯತಕ್ಕದ್ದೆಂಬ ನಿಯಮದ ಪಂದ್ಯಗಳೂ ನಡೆದವು. ಬಲಗಾಲಿನವನು ಎಡಗಾಲಿನಲ್ಲಿಯೇ ಆಡಬೇಕು. ಇಂಥ ಪಂದ್ಯಗಳಲ್ಲಿ ಹೆಸರಾಂತ ಚತುರನು ಮಂಕಾಗಿ, ಯಾರೂ ಗಮನಿಸದಿದ್ದ ಹುಡುಗನೊಬ್ಬ ಮಿಂಚಬಹುದಾಗಿತ್ತು. ಕಲಿಸುವುದಕ್ಕೂ ಆರಿಸುವುದಕ್ಕೂ ಒಂದೇ ಸಾಧನ; ಜಾಣ ಮೇಷ್ಟ್ರು ಕಲಿಸುತ್ತಲೇ ಪರೀಕ್ಷೆಯನ್ನೂ ಮುಗಿಸುವಂತೆ.

ಹೀಗೆ ದೊರೆತವರಲ್ಲಿ ತುಳಸೀದಾಸ್ ಬಲರಾಮ್ ಒಬ್ಬರು. ಸಿಕಂದರಾಬಾದಿನ ಬಳಿಯ ಅಮ್ಮುಗುಡದ ಬಡ ಕುಟುಂಬದಲ್ಲಿ 1936ರಲ್ಲಿ ಹುಟ್ಟಿದ ಹುಡುಗ. ಅಭ್ಯಾಸಕ್ಕಾಗಿ ಅಷ್ಟು ದೂರದಿಂದ ನಗರಕ್ಕೆ ಬರುವ ಖರ್ಚೇ ಅವರಿಗೆ ಭಾರವಾಗಿತ್ತು; ಅದಕ್ಕೆ ರಹೀಮರೇ ನೆರವಾದರು. ಆ ಹುಡುಗ ಇಪ್ಪತ್ತರ ಪ್ರಾಯದಲ್ಲಿ ಒಲಿಂಪಿಕ್ ಆಟಗಾರನಾದನು. ಮುಂದೆ ಕಲಕತ್ತೆಯ ಈಸ್ಟ್ ಬೆಂಗಾಲ್ ತಂಡದ ಕಣ್ಮಣಿಯಾದನು. ಬಲರಾಮರು 2023ರಲ್ಲಿ ತೀರಿಕೊಂಡರು. ಆ ಪ್ರಯಾಣದ ಖರ್ಚು ಒದಗದಿದ್ದರೆ ಭಾರತಕ್ಕೆ ಬಲರಾಮ್ ದೊರೆಯುತ್ತಿದ್ದರೇ ಎಂದು ಯೋಚಿಸಿದಾಗ, ಆಯ್ಕೆಯೆಂಬುದು ಹೆಸರನ್ನು ಪಟ್ಟಿಗೆ ಬರೆಯುವುದರಲ್ಲಿ ಮುಗಿಯುವುದಿಲ್ಲವೆಂದು ಮನವರಿಕೆಯಾಗುತ್ತದೆ.

ಹೆಲ್ಸಿಂಕಿಯ ಪಾಠ

1951ರಲ್ಲಿ ದೆಹಲಿಯಲ್ಲಿ ನಡೆದ ಮೊದಲನೆಯ ಏಷ್ಯನ್ ಕ್ರೀಡಾಕೂಟದಲ್ಲಿ ರಹೀಮರ ಶಿಕ್ಷಣದ ಭಾರತ ತಂಡ ಇರಾನನ್ನು 1-0ರಿಂದ ಸೋಲಿಸಿ ಚಿನ್ನದ ಪದಕ ಗಳಿಸಿತು. ಮರುವರ್ಷ ಹೆಲ್ಸಿಂಕಿಯ ಒಲಿಂಪಿಕ್ಸಿನಲ್ಲಿ ಯುಗೋಸ್ಲಾವಿಯದ ಎದುರು 10-1ರ ಘೋರ ಪರಾಜಯ ಒದಗಿತು. ಚಳಿನಾಡಿನ ಆ ಮೈದಾನದಲ್ಲಿ ನಮ್ಮವರಲ್ಲಿ ಹಲವರು ಬರಿಗಾಲಿನಲ್ಲಿ ಆಡಿದ್ದರು. ಭಾರತದ ಪರವಾಗಿ ಬಂದ ಒಂದೇ ಒಂದು ಗೋಲನ್ನು ಹೊಡೆದವರು ಬೆಂಗಳೂರಿನ ಅಹಮದ್ ಖಾನ್. ಅದಾದ ಮೇಲೆ ನಮ್ಮ ದೇಶದಲ್ಲಿ ಬೂಟು ತೊಟ್ಟು ಆಡುವುದು ಕಡ್ಡಾಯವಾಯಿತು.

ಅಂಥ ಸೋಲಿನಿಂದ ಮುಖ ಮರೆಸಿಕೊಳ್ಳುವವರೇ ಹೆಚ್ಚು. ರಹೀಮರು ಅದರಿಂದ ಪಾಠ ಕಲಿತರು. ಹೆಲ್ಸಿಂಕಿಯಲ್ಲಿ ಚಿನ್ನ ಗೆದ್ದ ಹಂಗೇರಿಯವರು ಸೆಂಟರ್ ಫಾರ್ವರ್ಡನನ್ನು ಹಿಂದಕ್ಕೆ ಸರಿಸಿ ಎದುರಾಳಿಯ ರಕ್ಷಣೆಯನ್ನು ಗೊಂದಲಕ್ಕೀಡುಮಾಡುವ ಹೊಸ ವ್ಯೂಹವನ್ನು ಆಡುತ್ತಿದ್ದರು. 1953ರಲ್ಲಿ ಲಂಡನ್ನಿನ ವೆಂಬ್ಲಿಯಲ್ಲಿ ಅವರು ಇಂಗ್ಲೆಂಡನ್ನು 6-3ರಿಂದ ಮಣಿಸಿದಾಗ ಜಗತ್ತೇ ಬೆರಗಾಯಿತು. ಈ ಹೊಸ ಆಟವನ್ನು ರಹೀಮರು ನಮ್ಮವರ ಮೈಕಟ್ಟಿಗೂ ವೇಗಕ್ಕೂ ಒಗ್ಗುವಂತೆ ಅಳವಡಿಸಿಕೊಂಡರು. ನಾಲ್ವರು ರಕ್ಷಣೆಗೆ, ಇಬ್ಬರು ನಡುವೆ, ನಾಲ್ವರು ಮುಂದೆ ನಿಲ್ಲುವ ವ್ಯೂಹವನ್ನು 1958ರಲ್ಲಿ ಬ್ರೆಜಿಲ್ ಲೋಕಪ್ರಸಿದ್ಧಗೊಳಿಸುವುದಕ್ಕೂ ಮೊದಲೇ ಅವರು ಪ್ರಯೋಗಿಸಿದ್ದರೆಂದು ಬಲ್ಲವರು ಕೊಂಡಾಡುತ್ತಾರೆ.

ವ್ಯೂಹ ಬದಲಾದರೆ ಆಯ್ಕೆಯೂ ಬದಲಾಗಬೇಕು. 1956ರ ನವೆಂಬರ್ 1ರಂದು ಹೈದರಾಬಾದ್ ರಾಜ್ಯ ವಿಂಗಡವಾಗಿ ಕಲಬುರ್ಗಿ, ರಾಯಚೂರು, ಬೀದರಗಳು ಮೈಸೂರಿಗೆ ಸೇರಿದವು. ಅದೇ ತಿಂಗಳಲ್ಲಿ ಮೆಲ್ಬರ್ನ್ ಒಲಿಂಪಿಕ್ಸ್ ಆರಂಭವಾಯಿತು. ರಹೀಮರ ತಂಡದಲ್ಲಿ ಹೈದರಾಬಾದಿನ ನೂರ್ ಮಹಮ್ಮದ್, ಅಜೀಜುದ್ದೀನ್, ಜುಲ್ಫಿಕಾರುದ್ದೀನ್, ಅಹಮದ್ ಹುಸೇನ್, ಬಲರಾಮ್ ಇದ್ದರು. ಮೈಸೂರಿನಿಂದ ಹೋದವರು ನಮ್ಮ ಮರಿಯಪ್ಪ ಕೆಂಪಯ್ಯ. ಬಂಗಾಳದ ಸಮರ್ ಬ್ಯಾನರ್ಜಿ ನಾಯಕರು. ಮುಂಬಯಿಯ ನೆವಿಲ್ ಡಿಸೋಜಾ ಮುಂಚೂಣಿಯ ಆಟಗಾರರು. ಡಿಸೆಂಬರ್ 1ರಂದು ಆತಿಥೇಯ ಆಸ್ಟ್ರೇಲಿಯವನ್ನು ಭಾರತ 4-2ರಿಂದ ಸೋಲಿಸಿತು. ಡಿಸೋಜಾ ಒಬ್ಬರೇ ಮೂರು ಗೋಲು ಹೊಡೆದರು. ಉಪಾಂತ್ಯದಲ್ಲಿ ಯುಗೋಸ್ಲಾವಿಯದ ಎದುರು 4-1ರಿಂದಲೂ, ಕಂಚಿನ ಪದಕದ ಪಂದ್ಯದಲ್ಲಿ ಬಲ್ಗೇರಿಯದ ಎದುರು 3-0ರಿಂದಲೂ ಸೋತರೂ ನಾಲ್ಕನೆಯ ಸ್ಥಾನ ದೊರೆಯಿತು. ಒಲಿಂಪಿಕ್ ಕಾಲ್ಚೆಂಡಾಟದಲ್ಲಿ ಭಾರತ ಏರಿದ ಎತ್ತರ ಅದೇ. ಅದನ್ನು ಇನ್ನೂ ಯಾರೂ ದಾಟಿಲ್ಲ.

ಮಗನ ವಿಷಯದಲ್ಲಿ

ತಮ್ಮ ಊರಿನವರಿಗೇ ಮಣೆ ಹಾಕುತ್ತಾರೆಂಬ ಆಕ್ಷೇಪಣೆ ಯಾವ ಆಯ್ಕೆಗಾರನನ್ನೂ ಬಿಟ್ಟಿದ್ದಲ್ಲ. ಪರಊರಿನಲ್ಲಿ ಬದುಕು ಕಟ್ಟಿಕೊಂಡಿರುವ ನಮಗೆ ಈ ಮಾತು ಹೊಸದೇನೂ ಅಲ್ಲ. ಶಾಲೆಯ ತಂಡವಿರಲಿ, ಕಚೇರಿಯ ಬಡ್ತಿಯಿರಲಿ, ಪಟ್ಟಿ ಹೊರಬಿದ್ದಾಗ ನಮ್ಮವರ ಹೆಸರು ಇದೆಯೇ ಎಂದು ಮೊದಲು ಹುಡುಕುವುದು, ಇಲ್ಲದಿದ್ದರೆ ಹೊರಗಿನವರೆಂದು ಬಿಟ್ಟರೆಂದು ನೊಂದುಕೊಳ್ಳುವುದು ವಲಸೆ ಬಂದವರ ಮನಸ್ಸಿನ ಸಹಜ ಧರ್ಮ. ಕೆಲವೊಮ್ಮೆ ಆ ನೋವಿಗೆ ಕಾರಣವೂ ಇರುತ್ತದೆ. ಈ ದೃಷ್ಟಿಯಿಂದ ರಹೀಮರನ್ನು ಪರೀಕ್ಷಿಸಬಯಸುವವರು 1960ರ ರೋಮ್ ಒಲಿಂಪಿಕ್ಸನ್ನು ನೋಡಬೇಕು.

ರಹೀಮರ ಮಗ ಸೈಯದ್ ಶಾಹಿದ್ ಹಕೀಮ್ ಒಳ್ಳೆಯ ಆಟಗಾರರು. ರೋಮಿಗೆ ಹೊರಟ ತಂಡದಲ್ಲಿ ಅವರಿಗೂ ಸ್ಥಾನ ಸಿಕ್ಕಿತು. ಅಲ್ಲಿ ಭಾರತ ಮೂರು ಪಂದ್ಯಗಳನ್ನಾಡಿತು. ಹಂಗೇರಿಗೆ 2-1ರಿಂದ ಸೋತಿತು, ಫ್ರಾನ್ಸಿನೊಡನೆ 1-1ರ ಸಮ ಮಾಡಿಕೊಂಡಿತು, ಪೆರುವಿಗೆ 3-1ರಿಂದ ಶರಣಾಯಿತು. ಈ ಮೂರರಲ್ಲಿ ಒಂದರಲ್ಲಿಯೂ ಹಕೀಮರು ಮೈದಾನಕ್ಕಿಳಿಯಲಿಲ್ಲ. ಎರಡು ವರ್ಷಗಳ ಅನಂತರ ಜಕಾರ್ತಕ್ಕೆ ಹೋದ ತಂಡದಲ್ಲಿ ಅವರ ಹೆಸರೇ ಇರಲಿಲ್ಲ. ಮಗನ ಕಣ್ಣೆದುರಿಗೆ ಹನ್ನೊಂದು ಹೆಸರುಗಳನ್ನು ಓದಿ, ಮಗನ ಹೆಸರನ್ನು ಓದದೆ ಕಾಗದ ಮಡಿಸುವುದು ಎಂಥ ತಂದೆಗೂ ಸುಲಭದ ಕೆಲಸವಲ್ಲ. ಹಕೀಮರು ವಾಯುಸೇನೆಯಲ್ಲಿ ಅಧಿಕಾರಿಯಾಗಿ, ಅಂತರರಾಷ್ಟ್ರೀಯ ತೀರ್ಪುಗಾರರಾಗಿ, ತಾವೂ ಶಿಕ್ಷಕರಾಗಿ ಬಾಳಿ, 2017ರಲ್ಲಿ ಧ್ಯಾನ್‌ಚಂದ್ ಪ್ರಶಸ್ತಿಗೆ ಪಾತ್ರರಾದರು. 2021ರ ಆಗಸ್ಟ್ 22ರಂದು ಅವರು ಕೊನೆಯುಸಿರೆಳೆದದ್ದು ನಮ್ಮ ಕಲಬುರ್ಗಿಯಲ್ಲಿ. ತಂದೆಯ ನಿರ್ಧಾರದಿಂದ ಮಗನ ಬಾಳು ಬರಡಾಗಲಿಲ್ಲವೆಂಬುದಕ್ಕೆ ಅವರ ಆಯುಷ್ಯವೇ ಸಾಕ್ಷಿ.

ಜಕಾರ್ತದ ವಿಜಯ

1962ರ ಏಷ್ಯನ್ ಕ್ರೀಡಾಕೂಟಕ್ಕೆ ಹೊರಡುವಾಗಲೇ ರಹೀಮರ ಆರೋಗ್ಯ ಕೆಟ್ಟಿತ್ತು. ಅವರು ಕಟ್ಟಿದ ಆ ತಂಡವನ್ನು ಒಮ್ಮೆ ಅವಲೋಕಿಸಬೇಕು. ನಾಯಕ ಚುನಿ ಗೋಸ್ವಾಮಿ, ಅರುಣ್ ಘೋಷ್ ಬಂಗಾಳದವರು. ಪ್ರದೀಪ್ ಕುಮಾರ್ ಬ್ಯಾನರ್ಜಿ ಜಮ್‌ಷೆಡ್‌ಪುರದಲ್ಲಿ ಬೆಳೆದವರು. ಜರ್ನೇಲ್ ಸಿಂಗ್ ಪಂಜಾಬಿನವರು, ಚಂದ್ರಶೇಖರ್ ಕೇರಳದವರು, ಫ್ರಾಂಕೊ ಗೋವೆಯವರು, ರಾಮ್ ಬಹಾದೂರ್ ಡೆಹ್ರಾಡೂನಿನವರು. ಪೀಟರ್ ತಂಗರಾಜ್, ಬಲರಾಮ್, ಯೂಸುಫ್ ಖಾನ್ ಹೈದರಾಬಾದ್-ಸಿಕಂದರಾಬಾದಿನ ಮಣ್ಣಿನಲ್ಲಿ ಹುಟ್ಟಿದವರು. ಇವರೆಲ್ಲರಿಗೂ ಸಾಮಾನ್ಯವಾದ ತಾಯಿನುಡಿಯಿರಲಿಲ್ಲ. ರಹೀಮರು ಕಲಿಸಿದ ಆಟವೇ ಅವರ ನಡುವಣ ಭಾಷೆ.

ಮೊದಲ ಪಂದ್ಯದಲ್ಲಿ ದಕ್ಷಿಣ ಕೊರಿಯಕ್ಕೆ 2-0ರಿಂದ ಸೋಲು. ಬಳಿಕ ಥಾಯ್ಲೆಂಡಿನ ಮೇಲೆ 4-1ರ ಗೆಲುವು. ಆದರೆ ಆ ಪಂದ್ಯದಲ್ಲಿ ಫುಲ್‌ಬ್ಯಾಕ್ ಜರ್ನೇಲ್ ಸಿಂಗರ ತಲೆಗೆ ಪೆಟ್ಟು ಬಿದ್ದು ಹೊಲಿಗೆ ಹಾಕಬೇಕಾಯಿತು. ಜಪಾನನ್ನು ಅವರಿಲ್ಲದೆಯೇ 2-0ರಿಂದ ಗೆದ್ದುದಾಯಿತು. ಮುಂದೇನು? ಗಾಯಗೊಂಡ ರಕ್ಷಕನನ್ನು ವಿಶ್ರಾಂತಿಗೆ ಬಿಡುವುದು ಲೋಕರೂಢಿ. ರಹೀಮರು ಜರ್ನೇಲರನ್ನು ಮತ್ತೆ ಕರೆದು, ಸೆಂಟರ್ ಫಾರ್ವರ್ಡ್ ಸ್ಥಾನದಲ್ಲಿ, ಎದುರಾಳಿಯ ಗೋಲಿನ ಮುಂದೆಯೇ ನಿಲ್ಲಿಸಿದರು. ಉಪಾಂತ್ಯದಲ್ಲಿ ದಕ್ಷಿಣ ವಿಯೆಟ್ನಾಮಿನ ಮೇಲೆ 3-2ರಿಂದ ಜಯ. ಅದರಲ್ಲಿ ಒಂದು ಗೋಲು ಜರ್ನೇಲರದು.

ಸೆಪ್ಟೆಂಬರ್ 4ರಂದು ಅಂತಿಮ ಪಂದ್ಯ, ಎದುರಿಗೆ ಮತ್ತೆ ಅದೇ ದಕ್ಷಿಣ ಕೊರಿಯ. ಇಸ್ರೇಲ್ ಮತ್ತು ತೈವಾನಿನವರನ್ನು ಕೂಟಕ್ಕೆ ಸೇರಿಸದೆ ಹೋದುದನ್ನು ಭಾರತದ ಕ್ರೀಡಾಧುರೀಣ ಸೋಂಧಿಯವರು ಆಕ್ಷೇಪಿಸಿದ್ದರಿಂದ ಇಂಡೊನೇಷ್ಯದ ಜನ ಭಾರತದ ಮೇಲೆ ಕೆಂಡವಾಗಿದ್ದರು. ಲಕ್ಷದ ಸಮೀಪದ ಪ್ರೇಕ್ಷಕರು ನಮ್ಮವರು ಚೆಂಡು ಮುಟ್ಟಿದಾಗಲೆಲ್ಲ ಅರಚಿ ಅಣಕಿಸಿದರು. ಆ ಗದ್ದಲದ ನಡುವೆ 17ನೆಯ ನಿಮಿಷದಲ್ಲಿ ಬ್ಯಾನರ್ಜಿಯವರೂ, 20ನೆಯ ನಿಮಿಷದಲ್ಲಿ ತಲೆಗೆ ಪಟ್ಟಿ ಸುತ್ತಿಕೊಂಡಿದ್ದ ಜರ್ನೇಲರೂ ಗೋಲು ಹೊಡೆದರು. ಕೊರಿಯದವರು ಕಡೆಯಲ್ಲಿ ಒಂದನ್ನು ತೀರಿಸಿದರೂ ಭಾರತ 2-1ರಿಂದ ಚಿನ್ನವನ್ನು ಗೆದ್ದಿತು. ಏಷ್ಯನ್ ಕ್ರೀಡಾಕೂಟದ ಕಾಲ್ಚೆಂಡಾಟದಲ್ಲಿ ಭಾರತಕ್ಕೆ ಅನಂತರ ಚಿನ್ನ ದೊರೆತಿಲ್ಲ.

ಹತ್ತು ತಿಂಗಳೂ ಕಳೆಯಲಿಲ್ಲ. 1963ರ ಜೂನ್ 11ರಂದು ಶ್ವಾಸಕೋಶದ ಕ್ಯಾನ್ಸರಿನಿಂದ ರಹೀಮ್ ಸಾಹೇಬರು ತೀರಿಕೊಂಡರು. ಆಗ ಅವರಿಗೆ 53 ವರ್ಷ.

ಅವರ ತರುವಾಯ

ರಹೀಮರು ಆರಿಸಿ ಬೆಳೆಸಿದವರು ಇನ್ನೂ ಕೆಲವು ಕಾಲ ದೇಶವನ್ನು ಹೊತ್ತು ನಡೆದರು. 1964ರಲ್ಲಿ ಏಷ್ಯಾ ಕಪ್ಪಿನಲ್ಲಿ ಭಾರತ ಎರಡನೆಯ ಸ್ಥಾನ ಪಡೆಯಿತು. 1970ರಲ್ಲಿ ಬ್ಯಾಂಕಾಕಿನ ಏಷ್ಯನ್ ಕೂಟದಲ್ಲಿ ಕಂಚು ಗೆದ್ದ ತಂಡದ ನಾಯಕರು ಹೈದರಾಬಾದಿನ ಸೈಯದ್ ನಯೀಮುದ್ದೀನ್. ಆಮೇಲೆ ಒರತೆ ಬತ್ತುತ್ತ ಬಂತು. 1960ರ ರೋಮಿನ ತರುವಾಯ ಭಾರತ ಒಲಿಂಪಿಕ್ ಕಾಲ್ಚೆಂಡಾಟಕ್ಕೆ ಅರ್ಹತೆ ಪಡೆದಿಲ್ಲ. ಹೈದರಾಬಾದಿನಿಂದಲೂ ಬೆಂಗಳೂರಿನಿಂದಲೂ ಒಳ್ಳೆಯ ಆಟಗಾರರು ಕಲಕತ್ತೆಯ ಕ್ಲಬ್ಬುಗಳಿಗೆ ಹೋಗುವುದು ಮೊದಲಿನಿಂದ ಇದ್ದದ್ದೇ; ಅಹಮದ್ ಖಾನ್, ಧನರಾಜ್ ಮೊದಲಾದವರು ಈಸ್ಟ್ ಬೆಂಗಾಲಿನಲ್ಲಿ ಪಂಚಪಾಂಡವರೆಂದೇ ಹೆಸರಾಗಿದ್ದರು. ಹೊಟ್ಟೆಪಾಡಿಗಾಗಿ ಊರು ಬಿಟ್ಟವರನ್ನು ದೂರುವ ಹಕ್ಕು ನಮಗಂತೂ ಇಲ್ಲ. ರಹೀಮರಿದ್ದಾಗ ಹೋದವರ ಸ್ಥಾನಕ್ಕೆ ಹೊಸಬರು ಬರುತ್ತಿದ್ದರು. ಅವರ ತರುವಾಯ ಬಾವಿಯಿಂದ ನೀರು ಸೇದುವವರು ಹೆಚ್ಚಿದರು, ಬಾವಿಯ ಹೂಳು ತೆಗೆಯುವವರು ಇಲ್ಲವಾದರು.

ಇಂದು ಸರದಿಯ ಆಯ್ಕೆಯೂ ಹರಾಜೂ ಅಂಕಿಅಂಶಗಳ ಯಂತ್ರಗಳೂ ಬಂದಿವೆ. ಅವುಗಳಿಂದ ನ್ಯಾಯವೂ ಸ್ವಲ್ಪ ಹೆಚ್ಚಿರಬಹುದು. ಆದರೆ ಅವೆಲ್ಲ ಈಗಾಗಲೇ ಪಟ್ಟಿಗೆ ಬಂದವರನ್ನು ಹಂಚುವ ಉಪಾಯಗಳು. ಅಮ್ಮುಗುಡದಂಥ ಬಡಾವಣೆಯ ಹುಡುಗನನ್ನು ಪಟ್ಟಿಯವರೆಗೆ ತರುವ ಕೆಲಸವನ್ನು ಯಾವ ಹರಾಜೂ ಮಾಡಲಾರದು. ಅದಕ್ಕೆ ಸಂಜೆಯ ಹೊತ್ತು ಮೈದಾನದ ಅಂಚಿನಲ್ಲಿ ನಿಂತು ನೋಡುವ ಮೇಷ್ಟ್ರೊಬ್ಬರು ಬೇಕು. ಕೂಕಟ್‌ಪಲ್ಲಿಯಲ್ಲಿ ಬಹುಮಹಡಿ ಮನೆಗಳ ನಡುವೆ ಉಳಿದಿರುವ ಬಯಲುಗಳಲ್ಲಿ ನಮ್ಮ ಮಕ್ಕಳೂ, ತೆಲುಗರ ಮಕ್ಕಳೂ, ಕಟ್ಟಡದ ಕೆಲಸಕ್ಕೆಂದು ದೂರದಿಂದ ಬಂದವರ ಮಕ್ಕಳೂ ಒಂದೇ ಚೆಂಡಿನ ಹಿಂದೆ ಓಡುವುದನ್ನು ನಾವು ನೋಡುತ್ತೇವೆ. ನಮ್ಮ ಸಂಘಗಳು ರಾಜ್ಯೋತ್ಸವಕ್ಕೆ ವರ್ಷಕ್ಕೊಂದು ಪಂದ್ಯಾವಳಿ ನಡೆಸಿ ಕಪ್ಪು ಹಂಚುತ್ತವೆ, ಅದು ಒಳ್ಳೆಯದೇ. ಅದರ ಜೊತೆಗೆ ಒಬ್ಬ ನಿವೃತ್ತ ಆಟಗಾರರನ್ನೋ ಉಪಾಧ್ಯಾಯರನ್ನೋ ಗೊತ್ತುಮಾಡಿ, ವಾರಕ್ಕೆ ಎರಡು ಸಂಜೆ ಆ ಬಯಲಿನಲ್ಲಿ ನಿಲ್ಲಿಸಿ, ಬೂಟಿಲ್ಲದವನಿಗೆ ಬೂಟನ್ನೂ ದೂರದವನಿಗೆ ಬಸ್ಸಿನ ಖರ್ಚನ್ನೂ ಒದಗಿಸಿದರೆ, ರಹೀಮ್ ಸಾಹೇಬರ ಹೆಸರಿನಲ್ಲಿ ಸಭೆ ನಡೆಸುವುದಕ್ಕಿಂತ ಅದು ಹೆಚ್ಚಿನ ಸ್ಮಾರಕವಾದೀತೆಂದು ನಾವು ನಂಬುತ್ತೇವೆ.